ಜೋಳದ ರೊಟ್ಟಿಗೆ ಹೊಂದುವ ತರಕಾರಿ ಸಾಸೇಜ್ ಸ್ಟ್ಯೂ ಮಾಡುವ ಬಗೆ

ಬಳ್ಳಾರಿಯ ದೊಡ್ಡ ದಿನಸಿ ಅಂಗಡಿಗಳ ಫ್ರೀಜರಿನಲ್ಲಿ ಈಗ ಹಸಿರು ಬಟಾಣಿಯ ಪಕ್ಕದಲ್ಲೇ ಚಿಕನ್ ಸಾಸೇಜ್ ಪೊಟ್ಟಣಗಳೂ ಇರುತ್ತವೆ. ಕೊಂಡು ತಂದವರಲ್ಲಿ ಹೆಚ್ಚಿನವರು ಅದನ್ನು ಎಣ್ಣೆಯಲ್ಲಿ ಕರಿದು, ಟೊಮೆಟೊ ಸಾಸ್ ಹಚ್ಚಿಕೊಂಡು ತಿಂದು ಮುಗಿಸುತ್ತಾರೆ. ಇನ್ನು ಕೆಲವರು, ಮೊದಲ ಸಲ ನಾನು ಮಾಡಿದಂತೆ, ಕೋಳಿ ಸಾರಿನ ಲೆಕ್ಕದಲ್ಲೇ ತರಕಾರಿಯ ಜೊತೆ ಕುಕ್ಕರಿಗೆ ಹಾಕಿ ಮೂರು ಸೀಟಿ ಹೊಡೆಸುತ್ತಾರೆ. ಮುಚ್ಚಳ ತೆಗೆದಾಗ ಸಾಸೇಜ್ ತುಂಡುಗಳು ಉಬ್ಬಿ, ಬಿರಿದು, ತಮ್ಮ ರುಚಿಯನ್ನೆಲ್ಲ ನೀರಿಗೆ ಬಿಟ್ಟುಕೊಟ್ಟು ಮೇಲೆ ತೇಲುತ್ತಿದ್ದವು. ನಮ್ಮತ್ತೆ ಸೌಟಿನಿಂದ ಒಂದನ್ನು ಎತ್ತಿ ನೋಡಿ, "ಇದೇನವ್ವಾ, ಸಾರಿನ್ಯಾಗ ರಬ್ಬರ್ ತೇಲಾಕ ಹತ್ತೈತಲ್ಲ?" ಎಂದು ಕೇಳಿದರು. ಅವರ ಮಾತಿನಲ್ಲಿ ಉತ್ಪ್ರೇಕ್ಷೆ ಇರಲಿಲ್ಲ.

ತಪ್ಪು ಆಗಿದ್ದು ಲೆಕ್ಕದಲ್ಲಿ. ಪೊಟ್ಟಣದಲ್ಲಿ ಸಿಗುವ ಚಿಕನ್ ಸಾಸೇಜ್ ಬಹುಪಾಲು ಕಾರ್ಖಾನೆಯಲ್ಲೇ ಬೆಂದು ಬಂದಿರುವ ಪದಾರ್ಥ. ಅದನ್ನು ಮತ್ತೆ ಬೇಯಿಸುವ ಅಗತ್ಯವಿಲ್ಲ, ಕೆಂಪಗೆ ಹುರಿದು ಬಿಸಿ ಮಾಡಿದರೆ ಸಾಕು. ಆದ್ದರಿಂದ ಈ ಸ್ಟ್ಯೂನಲ್ಲಿ ಸಾಸೇಜನ್ನು ಮಾಂಸವೆಂದು ಎಣಿಸದೆ ಒಗ್ಗರಣೆಯೆಂದು ಎಣಿಸಬೇಕು. ಮೊದಲು ಎಣ್ಣೆಗೆ ಬಿದ್ದು ಪಾತ್ರೆಗೆ ವಾಸನೆ ಕೊಟ್ಟು ಹೊರಬರಬೇಕು, ಕಡೆಗೆ ಮತ್ತೆ ಒಳಗೆ ಹೋಗಬೇಕು. ನಡುವಿನ ಮುಕ್ಕಾಲು ಗಂಟೆಯ ಕೆಲಸವೆಲ್ಲ ತರಕಾರಿ ಮತ್ತು ಕಾಳುಗಳದ್ದು. ಹೊಟ್ಟೆ ತುಂಬಿಸುವವೂ ಅವೇ.

ಸ್ಟ್ಯೂ ಎಂಬ ಹೆಸರು ಹೊರಗಿನದಾದರೂ ಹತ್ತು ತರಕಾರಿ ಕೂಡಿಸಿ ನಿಧಾನವಾಗಿ ಬೇಯಿಸುವ ಅಡಿಗೆ ನಮಗೆ ಹೊಸದೇನಲ್ಲ. ಸಂಕ್ರಾಂತಿಯ ಹಿಂದಿನ ದಿನ, ಭೋಗಿಗೆ, ಸಜ್ಜೆ ರೊಟ್ಟಿಯ ಜೊತೆ ಬದನೆಕಾಯಿ, ಗಜ್ಜರಿ, ಅವರೆ, ಹಸಿ ಕಡಲೆ ಎಲ್ಲವನ್ನೂ ಸೇರಿಸಿ ಪಲ್ಯ ಮಾಡುವವರಿಗೆ ಯಾವ ತರಕಾರಿ ಮೊದಲು ಬೇಯುತ್ತದೆ, ಯಾವುದು ಕರಗಿ ಹೋಗುತ್ತದೆ ಎಂಬುದು ಕೈಗೇ ಗೊತ್ತಿರುತ್ತದೆ. ಆ ತಿಳಿವಳಿಕೆ ಇಲ್ಲಿ ಪೂರ್ತಿಯಾಗಿ ಉಪಯೋಗಕ್ಕೆ ಬರುತ್ತದೆ.

ಸಾಸೇಜ್ ಕೊಳ್ಳುವಾಗ

ಪೊಟ್ಟಣದ ಹಿಂಬದಿಯನ್ನು ಓದದೆ ಕೊಳ್ಳಬಾರದು. ಪದಾರ್ಥಗಳ ಪಟ್ಟಿಯನ್ನು ತೂಕದ ಇಳಿಕೆಯ ಕ್ರಮದಲ್ಲಿ ಮುದ್ರಿಸಬೇಕೆಂಬುದು ನಿಯಮ. ಹಾಗಾಗಿ ಕೋಳಿ ಮಾಂಸ ಮೊದಲ ಸ್ಥಾನದಲ್ಲಿದ್ದು, ಪಿಷ್ಟ ಮತ್ತು ಸೋಯಾ ಪ್ರೋಟೀನ್ ಕೊನೆಯ ಕಡೆಗೆ ಇರುವುದನ್ನು ಆರಿಸಿಕೊಂಡರೆ ಹುರಿಯುವಾಗ ನೀರು ಬಿಡುವುದು ಕಡಿಮೆ. ಬೆಂದಿರುವುದೋ ಹಸಿಯದೋ ಎಂಬುದನ್ನೂ ಅಲ್ಲೇ ನೋಡಿಕೊಳ್ಳಬೇಕು, ಏಕೆಂದರೆ ಮುಂದಿನ ವಿಧಾನವೆಲ್ಲ ಅದನ್ನೇ ಅವಲಂಬಿಸಿದೆ. ಐಎನ್ಎಸ್ 250 ಎಂದು ಬರೆದಿದ್ದರೆ ಅದು ಸೋಡಿಯಂ ನೈಟ್ರೈಟ್. ಅಪಾಯಕಾರಿ ಬ್ಯಾಕ್ಟೀರಿಯಾ ಬೆಳೆಯದಂತೆ ತಡೆಯುವುದರ ಜೊತೆಗೆ ಮಾಂಸದ ಗುಲಾಬಿ ಬಣ್ಣವನ್ನೂ ಉಳಿಸುತ್ತದೆ. ಅಂಥ ಸಾಸೇಜನ್ನು ಕತ್ತರಿಸಿದಾಗ ಒಳಗೆ ಗುಲಾಬಿ ಕಂಡರೆ ಬೆಂದಿಲ್ಲವೆಂದು ಗಾಬರಿಪಡಬೇಕಾಗಿಲ್ಲ.

ನಮ್ಮ ಊರಿನ ಬಿಸಿಲಿನ ಮಾತು ಬೇರೆಯೇ. ಏಪ್ರಿಲ್, ಮೇ ತಿಂಗಳಲ್ಲಿ 40 ಡಿಗ್ರಿ ದಾಟುವ ಬಳ್ಳಾರಿಯಲ್ಲಿ ಸ್ಕೂಟರಿನ ಡಿಕ್ಕಿಯೊಳಗೆ ಪೊಟ್ಟಣವನ್ನಿಟ್ಟುಕೊಂಡು ಮಾರುಕಟ್ಟೆ ಸುತ್ತಿದರೆ ಮನೆ ಸೇರುವಷ್ಟರಲ್ಲಿ ಅದು ಮೆತ್ತಗಾಗಿರುತ್ತದೆ. ತರಕಾರಿ, ದಿನಸಿ ಎಲ್ಲ ಮುಗಿಸಿ ಕೊನೆಯಲ್ಲಿ ಸಾಸೇಜ್ ಕೊಳ್ಳಬೇಕು. ಹಳೆಯ ದಿನಪತ್ರಿಕೆಯ ನಾಲ್ಕು ಪದರದಲ್ಲಿ ಸುತ್ತಿ ದಪ್ಪ ಬಟ್ಟೆಯ ಚೀಲದಲ್ಲಿಟ್ಟರೆ ಅರ್ಧ ಗಂಟೆಯ ದಾರಿಗೆ ಸಾಕಾಗುತ್ತದೆ. ಮಂಜುಗಟ್ಟಿದ ಪೊಟ್ಟಣವನ್ನು ಅಡಿಗೆಯ ಹಿಂದಿನ ರಾತ್ರಿಯೇ ಫ್ರೀಜರಿನಿಂದ ಫ್ರಿಜ್ಜಿನ ಕೆಳಗಿನ ಅಂತಸ್ತಿಗೆ ಇಳಿಸಬೇಕೇ ಹೊರತು ಕಟ್ಟೆಯ ಮೇಲೆ ಬಿಡಬಾರದು. ಒಮ್ಮೆ ಕರಗಿದ ಮೇಲೆ ಮತ್ತೆ ಫ್ರೀಜರಿಗೆ ಹಾಕುವುದೂ ಬೇಡ. ರಾತ್ರಿಯಿಡೀ ಕರೆಂಟು ಹೋಗಿದ್ದ ಮನೆಯಲ್ಲಿ ಪೊಟ್ಟಣದ ಒಳಗೆ ಲೋಳೆ ಕಂಡರೆ, ಅಥವಾ ಹುಳಿ ವಾಸನೆ ಬಂದರೆ, ದುಡ್ಡಿನ ಮುಖ ನೋಡದೆ ಎಸೆಯಬೇಕು.

ಬೇಕಾಗುವ ಸಾಮಾನು

ನಾಲ್ಕೈದು ಮಂದಿ ಹೊಟ್ಟೆ ತುಂಬ ಉಣ್ಣಲು 250 ಗ್ರಾಂ ಸಾಸೇಜ್ ಸಾಕು. ಇದಕ್ಕಿಂತ ಹೆಚ್ಚು ಹಾಕಿದರೆ ಉಪ್ಪು ಏರುತ್ತದೆ, ತರಕಾರಿಯ ರುಚಿ ಅಡಗುತ್ತದೆ. ತರಕಾರಿಯಲ್ಲಿ ಆಲೂಗಡ್ಡೆ 250 ಗ್ರಾಂ, ಗಜ್ಜರಿ 150 ಗ್ರಾಂ, ಎಲೆಕೋಸು 200 ಗ್ರಾಂ, ಬೀನ್ಸ್ 100 ಗ್ರಾಂ, ಒಂದು ಡೊಣ್ಣ ಮೆಣಸಿನಕಾಯಿ, ಎರಡು ದೊಡ್ಡ ಉಳ್ಳಾಗಡ್ಡಿ, ಎಂಟು ಹತ್ತು ಎಸಳು ಬೆಳ್ಳುಳ್ಳಿ, ಮೂರು ನಾಟಿ ಟೊಮೆಟೊ ಮತ್ತು ಒಂದು ಹಿಡಿ ಪುಂಡಿ ಸೊಪ್ಪು ಇರಲಿ. ಕಾಳಿನಲ್ಲಿ 100 ಗ್ರಾಂ ಅಲಸಂದಿ. ಇವುಗಳ ಹೊರತು ಎರಡು ದೊಡ್ಡ ಚಮಚ ಶೇಂಗಾ ಎಣ್ಣೆ, ಎರಡು ಸಣ್ಣ ಚಮಚ ಬ್ಯಾಡಗಿ ಮೆಣಸಿನಕಾಯಿಯ ಪುಡಿ, ಅರ್ಧ ಚಮಚ ಜೀರಿಗೆ, ಅರ್ಧ ಚಮಚ ಕುಟ್ಟಿದ ಕರಿಮೆಣಸು, ಒಂದೂವರೆ ದೊಡ್ಡ ಚಮಚ ಜೋಳದ ಹಿಟ್ಟು, ಉಪ್ಪು ಮತ್ತು ಕೊತ್ತಂಬರಿ ಬೇಕು.

ಮೆಣಸಿನಪುಡಿಯ ಬಗ್ಗೆ ಒಂದು ಮಾತು. ನಮ್ಮ ಜಿಲ್ಲೆಯ ಹೊಲಗಳಲ್ಲಿ ಬೆಳೆದ ಕಾಯಿ ಬ್ಯಾಡಗಿಯ ಮಾರುಕಟ್ಟೆಗೆ ಲಾರಿಗಟ್ಟಲೆ ಹೋಗುತ್ತದೆ. ಆದರೆ ಮನೆಯ ಡಬ್ಬಿಯಲ್ಲಿರುವ ಪುಡಿ ಬಣ್ಣದ ಬ್ಯಾಡಗಿಯದೋ ಉರಿಯುವ ಗುಂಟೂರಿನದೋ ಎಂಬುದನ್ನು ತಿಳಿದುಕೊಂಡೇ ಹಾಕಬೇಕು. ಸ್ಟ್ಯೂಗೆ ಬೇಕಾದುದು ಬಣ್ಣ ಮತ್ತು ಪರಿಮಳ. ಗುಂಟೂರು ಪುಡಿಯಾದರೆ ಅರ್ಧ ಚಮಚಕ್ಕೆ ನಿಲ್ಲಿಸಬೇಕು.

ಕಾಳು ಮತ್ತು ನೀರು

ಅಲಸಂದಿಯನ್ನು ನಾಲ್ಕೈದು ಗಂಟೆ ನೆನೆಹಾಕಿ, ಚಿಟಿಕೆ ಉಪ್ಪಿನೊಡನೆ ಬೇರೆಯಾಗಿಯೇ ಬೇಯಿಸಿಟ್ಟುಕೊಳ್ಳಬೇಕು. ಕುಕ್ಕರಿನಲ್ಲಾದರೆ ಎರಡು ಸೀಟಿ ಸಾಕು. ಬೆಂದ ನೀರನ್ನು ಚೆಲ್ಲಬಾರದು. ಅಲಸಂದಿಯ ಬದಲು ಕಡಲೆ ಹಾಕುವುದಾದರೆ ಹಿಂದಿನ ರಾತ್ರಿಯೇ ನೆನೆಸಬೇಕು. ರಾಜ್ಮಾ ಹಾಕುವವರು ನೆನೆಸಿದ ನೀರನ್ನು ಚೆಲ್ಲಿ, ಹೊಸ ನೀರಿನಲ್ಲಿ ಕನಿಷ್ಠ ಹತ್ತು ನಿಮಿಷ ಕೊತಕೊತನೆ ಕುದಿಸಲೇಬೇಕು. ಹಸಿ ರಾಜ್ಮಾದಲ್ಲಿ ಹೊಟ್ಟೆ ಕೆಡಿಸುವ ಒಂದು ವಿಷಾಂಶವಿದ್ದು, ಸಣ್ಣ ಉರಿಯಲ್ಲಿ ನಿಧಾನವಾಗಿ ಬೇಯಿಸಿದರೆ ಅದು ನಾಶವಾಗುವುದಿಲ್ಲ.

ಕಾಳು ಎಷ್ಟು ಹೊತ್ತಾದರೂ ಮೆತ್ತಗಾಗುವುದಿಲ್ಲ ಎಂದು ದೂರುವವರು ಕಾಳನ್ನು ಬೈಯುವ ಮೊದಲು ನೀರನ್ನು ನೋಡಬೇಕು. ಬಳ್ಳಾರಿ, ಕೊಪ್ಪಳ, ರಾಯಚೂರು ಮೂರೂ ಕಡೆ ಅನೇಕ ಬೋರ್‌ವೆಲ್ಲುಗಳ ನೀರು ಗಡಸು. ಪಾತ್ರೆಯ ಒಳಮೈಗೆ ಬಿಳಿ ಪೊರೆ ಕಟ್ಟುವುದೇ ಅದರ ಗುರುತು. ಆ ನೀರಿನ ಸುಣ್ಣದ ಅಂಶ ಕಾಳಿನ ಸಿಪ್ಪೆಯ ಪೆಕ್ಟಿನ್ನಿನೊಡನೆ ಸೇರಿ ಅದನ್ನು ಬಿಗಿಗೊಳಿಸುತ್ತದೆ. ಓಣಿಯ ಶುದ್ಧ ಕುಡಿಯುವ ನೀರಿನ ಘಟಕದಿಂದ ತಂದ ನೀರಿನಲ್ಲಿ ಅದೇ ಕಾಳನ್ನು ನೆನೆಸಿ ಬೇಯಿಸಿದರೆ ವ್ಯತ್ಯಾಸ ಮೊದಲ ದಿನವೇ ತಿಳಿಯುತ್ತದೆ. ಸ್ಟ್ಯೂಗೂ ಅದೇ ನೀರನ್ನು ಬಳಸುವುದು ಒಳ್ಳೆಯದು.

ಹುಳಿಯೂ ಇದೇ ಬಗೆಯ ಕೆಲಸ ಮಾಡುತ್ತದೆ. ಟೊಮೆಟೊ, ಹುಣಸೆ, ಪುಂಡಿ, ಯಾವುದೇ ಹುಳಿಯಾಗಲಿ, ಮೊದಲೇ ಬಿದ್ದರೆ ಆಲೂಗಡ್ಡೆ ಮತ್ತು ಕಾಳುಗಳು ಹೊರಗೆ ಬಿಗಿದುಕೊಂಡು ಒಳಗೆ ಕಲ್ಲಿನಂತೆ ಉಳಿಯುತ್ತವೆ. ಉಳ್ಳಾಗಡ್ಡಿಯ ಬೆನ್ನಿಗೇ ಟೊಮೆಟೊ ಹಾಕುವುದು ನಮ್ಮೆಲ್ಲರ ಅಭ್ಯಾಸವಾದ್ದರಿಂದ ಇದನ್ನು ಬೇಕೆಂದೇ ನೆನಪಿಟ್ಟುಕೊಳ್ಳಬೇಕಾಗುತ್ತದೆ. ಈ ಅಡಿಗೆಯಲ್ಲಿ ಆಲೂಗಡ್ಡೆಗೆ ಚಾಕುವಿನ ತುದಿ ಸಲೀಸಾಗಿ ಇಳಿಯುವ ತನಕ ಯಾವ ಹುಳಿಗೂ ಪಾತ್ರೆಯಲ್ಲಿ ಪ್ರವೇಶವಿಲ್ಲ.

ಹುರಿಯುವುದು

ತಳ ದಪ್ಪಗಿರುವ, ಅಗಲ ಬಾಯಿಯ ಬೋಗುಣಿಯನ್ನೇ ಆರಿಸಿಕೊಳ್ಳಬೇಕು. ನಾನ್‌ಸ್ಟಿಕ್ ಪಾತ್ರೆಯಲ್ಲಿ ತಳಕ್ಕೆ ಏನೂ ಹತ್ತುವುದಿಲ್ಲವೆಂಬುದು ಬೇರೆ ಅಡಿಗೆಗೆ ಅನುಕೂಲವಾದರೆ ಇಲ್ಲಿ ಅನನುಕೂಲ. ನಮಗೆ ತಳಕ್ಕೆ ಹತ್ತಿದ್ದೇ ಬೇಕು.

ಸಾಸೇಜಿನ ಮೇಲೆ ಪಾರದರ್ಶಕ ಪೊರೆ ಇದೆಯೇ ಎಂದು ತುದಿಯಲ್ಲಿ ಉಗುರಿನಿಂದ ಕೆದಕಿ ನೋಡಬೇಕು. ಕೆಲವು ಬಗೆಯಲ್ಲಿ ತೆಗೆದೇ ತಿನ್ನಬೇಕಾದ ಪ್ಲಾಸ್ಟಿಕ್ಕಿನಂಥ ಹೊದಿಕೆ ಇರುತ್ತದೆ, ಅದನ್ನು ಸುಲಿದುಬಿಡಬೇಕು. ಅನಂತರ ಒಣ ಬಟ್ಟೆಯಿಂದ ತೇವವನ್ನೆಲ್ಲ ಒರೆಸಿ, ಒಂದೂವರೆ ಸೆಂಟಿಮೀಟರ್ ದಪ್ಪಕ್ಕೆ ಓರೆಯಾಗಿ ಹೋಳು ಮಾಡಬೇಕು. ಒರೆಸುವುದನ್ನು ಮರೆತರೆ ಎಣ್ಣೆ ಚಟಪಟ ಸಿಡಿಯುತ್ತದೆ. ಅದಕ್ಕಿಂತ ಮುಖ್ಯವಾಗಿ, ನೀರು ಆರುವ ತನಕ ಪಾತ್ರೆಯ ಶಾಖ ನೂರು ಡಿಗ್ರಿಯ ಆಸುಪಾಸಿನಲ್ಲೇ ನಿಂತುಬಿಡುತ್ತದೆ, ಅಷ್ಟರಲ್ಲಿ ಸಾಸೇಜ್ ಬೇಯುತ್ತದೆಯೇ ಹೊರತು ಕೆಂಪಗಾಗುವುದಿಲ್ಲ.

ಎಣ್ಣೆ ಮಧ್ಯಮ ಉರಿಯಲ್ಲಿ ಕಾದ ಮೇಲೆ ಹೋಳುಗಳನ್ನು ಒಂದಕ್ಕೊಂದು ತಗುಲದಂತೆ ಹರಡಿ, ಎರಡು ನಿಮಿಷ ಸೌಟು ಮುಟ್ಟಿಸದೆ ಬಿಡಬೇಕು. ಈ ಎರಡು ನಿಮಿಷ ಸುಮ್ಮನಿರುವುದೇ ಕಷ್ಟದ ಕೆಲಸ, ಏಕೆಂದರೆ ನಮ್ಮ ಕೈ ಒಗ್ಗರಣೆಯನ್ನು ಸದಾ ಕೆದಕುತ್ತಿರುವುದಕ್ಕೆ ಒಗ್ಗಿಹೋಗಿದೆ. ಒಂದು ಹೋಳನ್ನು ಎಬ್ಬಿಸಿ ನೋಡಿದಾಗ ತಳಮೈ ಸುಟ್ಟ ಶೇಂಗಾದ ಸಿಪ್ಪೆಯ ಬಣ್ಣಕ್ಕೆ ಬಂದಿದ್ದರೆ ಮಗುಚಿಹಾಕಬಹುದು. ಎರಡೂ ಮೈ ಸೇರಿ ಐದಾರು ನಿಮಿಷ. ಪಾತ್ರೆ ಚಿಕ್ಕದಾದರೆ ಎರಡು ಕಂತಿನಲ್ಲಿ ಹುರಿಯಬೇಕು. ಹುರಿದ ಹೋಳುಗಳನ್ನು ತಟ್ಟೆಗೆ ತೆಗೆದು ಪಕ್ಕಕ್ಕಿಟ್ಟು ಮರೆತುಬಿಡಬೇಕು. ಬಾಯಾಡಿಸಲು ಬರುವ ಮಕ್ಕಳು ಮರೆಯುವುದಿಲ್ಲವಾದ್ದರಿಂದ ತಟ್ಟೆಯನ್ನು ಮುಚ್ಚಿಡುವುದು ಒಳ್ಳೆಯದು.

ಈಗ ಬೋಗುಣಿಯ ತಳದಲ್ಲಿ ಕಂದು ಪದರವೊಂದು ಹತ್ತಿಕೊಂಡಿರುತ್ತದೆ. ಅದು ಸೀದದ್ದಲ್ಲ. ಮಾಂಸದ ಪ್ರೋಟೀನು ಮತ್ತು ಸಕ್ಕರೆಯಂಶ ಕಾವಿನಲ್ಲಿ ಕೂಡಿ ಹುಟ್ಟಿದ ರುಚಿ ಅದು, ಸ್ಟ್ಯೂಗೆ ಬರುವ ಗಾಢತೆಯಲ್ಲಿ ಅರ್ಧ ಪಾಲು ಅದರದೇ. ಅದೇ ಎಣ್ಣೆಗೆ ಜೀರಿಗೆ ಹಾಕಿ, ಸಿಡಿದ ಮೇಲೆ ದೊಡ್ಡದಾಗಿ ಹೆಚ್ಚಿದ ಉಳ್ಳಾಗಡ್ಡಿಯನ್ನು ಹಾಕಿ ಏಳೆಂಟು ನಿಮಿಷ ಅಂಚು ಕೆಂಪಾಗುವಂತೆ ಬಾಡಿಸಬೇಕು. ಜಜ್ಜಿದ ಬೆಳ್ಳುಳ್ಳಿ ಒಂದು ನಿಮಿಷಕ್ಕೆ ಸಾಕು. ಆಮೇಲೆ ಉರಿಯನ್ನು ಪೂರ್ತಿ ತಗ್ಗಿಸಿ ಮೆಣಸಿನಪುಡಿಯನ್ನು ಸೇರಿಸಿ, ಇಪ್ಪತ್ತು ಎಣಿಸುವಷ್ಟು ಹೊತ್ತು ಕೈಯಾಡಿಸಿ, ತಕ್ಷಣ ಅರ್ಧ ಬಟ್ಟಲು ನೀರು ಹಾಕಬೇಕು. ಮೆಣಸಿನ ಬಣ್ಣ ಎಣ್ಣೆಯಲ್ಲಿ ಮಾತ್ರ ಚೆನ್ನಾಗಿ ಬಿಡುತ್ತದೆ, ಆದರೆ ಪುಡಿ ಬಲು ಬೇಗ ಕರಕಲಾಗಿ ಕಹಿಯಾಗುತ್ತದೆ. ನೀರನ್ನು ಕೈಯಲ್ಲೇ ಹಿಡಿದುಕೊಂಡು ಪುಡಿ ಹಾಕುವುದು ಕ್ಷೇಮ. ನೀರು ಬಿದ್ದ ಕೂಡಲೇ ಮರದ ಹುಟ್ಟಿನಿಂದ ತಳವನ್ನು ಕೆರೆದು ಆ ಕಂದು ಪದರವನ್ನೆಲ್ಲ ಕರಗಿಸಿಕೊಳ್ಳಬೇಕು.

ಬೇಯಿಸುವುದು

ಎಲ್ಲ ತರಕಾರಿಯನ್ನೂ ಒಂದೇ ಅಳತೆಗೆ ಹೆಚ್ಚಿ ಒಟ್ಟಿಗೇ ಸುರಿದರೆ ಗಜ್ಜರಿ ಬೇಯುವಷ್ಟರಲ್ಲಿ ಎಲೆಕೋಸು ಲೋಳೆಯಾಗಿರುತ್ತದೆ. ಆಲೂಗಡ್ಡೆಯನ್ನು ಒಂದು ಅಂಗುಲದ ಹೋಳು, ಗಜ್ಜರಿಯನ್ನು ಅರ್ಧ ಅಂಗುಲದ ಬಿಲ್ಲೆ, ಬೀನ್ಸನ್ನು ಒಂದಂಗುಲದ ತುಂಡು, ಎಲೆಕೋಸನ್ನು ಅಂಗೈಯ ಕಾಲು ಭಾಗದಷ್ಟು ಅಗಲವಾಗಿ ಹೆಚ್ಚಬೇಕು. ಮೊದಲು ಆಲೂಗಡ್ಡೆ ಮತ್ತು ಗಜ್ಜರಿಯನ್ನು ಹಾಕಿ, ಎಣ್ಣೆ ಮೆಣಸು ಹತ್ತುವಂತೆ ಎರಡು ನಿಮಿಷ ತಿರುವಿ, ಬೇರೆಡೆ ಕಾಯಿಸಿಟ್ಟ ಒಂದು ಲೀಟರ್ ಬಿಸಿ ನೀರು ಹೊಯ್ದು, ಅಲಸಂದಿಯನ್ನು ಅದರ ನೀರಿನ ಸಮೇತ ಸೇರಿಸಬೇಕು. ಕುದಿ ಬಂದ ಮೇಲೆ ಉರಿ ತಗ್ಗಿಸಿ, ಮುಚ್ಚಳವನ್ನು ಒಂದು ಬದಿಗೆ ಸರಿಸಿ ಹತ್ತು ನಿಮಿಷ ಬಿಟ್ಟು, ಬೀನ್ಸ್ ಹಾಕಬೇಕು. ಇನ್ನು ಐದು ನಿಮಿಷಕ್ಕೆ ಆಲೂಗಡ್ಡೆಯ ಪರೀಕ್ಷೆ. ಚಾಕುವಿನ ತುದಿ ಇಳಿದರೆ ಎಲೆಕೋಸು, ಡೊಣ್ಣ ಮೆಣಸಿನಕಾಯಿ, ತುರಿದ ಟೊಮೆಟೊ, ಹೆಚ್ಚಿದ ಪುಂಡಿ ಸೊಪ್ಪು ಇಷ್ಟೂ ಈಗ ಒಳಗೆ ಹೋಗಬಹುದು. ಟೊಮೆಟೊದ ಹಸಿ ವಾಸನೆ ಹೋಗಲು ಎಂಟು ನಿಮಿಷ ಹಿಡಿಯುತ್ತದೆ.

ಪುಂಡಿ ಸೊಪ್ಪು ಸ್ಟ್ಯೂಗೆ ಏಕೆ ಎಂದು ಕೇಳುವವರಿಗೆ ಉತ್ತರ ಸಾಸೇಜಿನಲ್ಲೇ ಇದೆ. ಉಪ್ಪು ಮತ್ತು ಕೊಬ್ಬು ಎರಡೂ ಇರುವ ಪದಾರ್ಥಕ್ಕೆ ಎದುರಾಗಿ ಒಂದು ಚುರುಕಾದ ಹುಳಿ ಬೇಕು. ಬೇರೆ ದೇಶದವರು ಅದಕ್ಕೆ ವಿನೆಗರ್ ಹನಿಸುತ್ತಾರೆ, ನಮ್ಮ ಸಂತೆಯಲ್ಲಿ ಪುಂಡಿ ಕಟ್ಟುಗಟ್ಟಲೆ ಸಿಗುತ್ತದೆ. ಒಂದು ಹಿಡಿ ದಾಟಬಾರದು, ದಾಟಿದರೆ ಅದು ಪುಂಡಿಪಲ್ಲೆಯೇ ಆಗಿಬಿಡುತ್ತದೆ.

ಸ್ಟ್ಯೂ ಎಂದರೆ ಸಾರಿನಷ್ಟು ತೆಳುವೂ ಅಲ್ಲ, ಪಲ್ಯದಷ್ಟು ಗಟ್ಟಿಯೂ ಅಲ್ಲ. ರೊಟ್ಟಿಯ ತುಂಡಿನಲ್ಲಿ ಎತ್ತಿದರೆ ರಸ ರೊಟ್ಟಿಗೆ ಹಿಡಿದು ನಿಲ್ಲಬೇಕು. ಇದಕ್ಕೆ ಮೈದಾ ಬಳಸುವ ಪದ್ಧತಿಯುಂಟು. ನಾನು ಜೋಳದ ಹಿಟ್ಟನ್ನೇ ಬಳಸುತ್ತೇನೆ, ಅದರ ಪರಿಮಳ ಮೈದಾಕ್ಕೆ ಬರುವುದಿಲ್ಲ. ಒಂದೂವರೆ ಚಮಚ ಹಿಟ್ಟನ್ನು ಎಣ್ಣೆಯಿಲ್ಲದ ಬಾಣಲೆಯಲ್ಲಿ ಸಣ್ಣ ಉರಿಯಲ್ಲಿ ಮೂರು ನಾಲ್ಕು ನಿಮಿಷ, ರೊಟ್ಟಿ ಸುಡುವ ಮನೆಯ ವಾಸನೆ ಬರುವ ತನಕ ಹುರಿದು, ಆರಿಸಿ, ಅರ್ಧ ಬಟ್ಟಲು ತಣ್ಣೀರಿನಲ್ಲಿ ಗಂಟಿಲ್ಲದಂತೆ ಕಲಸಿಕೊಳ್ಳಬೇಕು. ಬಿಸಿನೀರಿನಲ್ಲಿ ಕಲಸಿದರೆ ಹೊರಮೈ ಮೊದಲು ಬೆಂದು ಗಂಟುಕಟ್ಟುತ್ತದೆ. ಕುದಿಯುತ್ತಿರುವ ಸ್ಟ್ಯೂಗೆ ಒಂದು ಕೈಯಲ್ಲಿ ಸಣ್ಣ ಧಾರೆಯಾಗಿ ಸುರಿಯುತ್ತ ಇನ್ನೊಂದು ಕೈಯಲ್ಲಿ ತಿರುವುತ್ತಿದ್ದರೆ ಐದಾರು ನಿಮಿಷದಲ್ಲಿ ರಸ ಮಂದವಾಗುತ್ತದೆ. ಆರಿದ ಮೇಲೆ ಇನ್ನೂ ಗಟ್ಟಿಯಾಗುವುದರಿಂದ ಒಲೆಯ ಮೇಲಿರುವಾಗ ಸ್ವಲ್ಪ ತೆಳುವಾಗಿಯೇ ನಿಲ್ಲಿಸಬೇಕು.

ಇಷ್ಟಾದ ಮೇಲೆ ತಟ್ಟೆಯ ಸಾಸೇಜ್ ಹೋಳುಗಳೂ ಅಲ್ಲಿ ಇಳಿದಿರುವ ರಸವೂ ಪಾತ್ರೆಗೆ ಮರಳಬೇಕು. ಉರಿ ಸಣ್ಣದಿರಲಿ, ಐದು ನಿಮಿಷ ಸಾಕು. ಉಪ್ಪು ಹಾಕಬೇಕಾದುದು ಈಗ, ಅದೂ ರುಚಿ ನೋಡಿ. ಸಾಸೇಜು ತನ್ನ ಪಾಲಿನ ಉಪ್ಪನ್ನು ರಸಕ್ಕೆ ಬಿಟ್ಟಿರುತ್ತದೆ, ಮೊದಲೇ ಅಂದಾಜಿನಲ್ಲಿ ಹಾಕಿದವರು ಕಡೆಗೆ ಇನ್ನೊಂದು ಆಲೂಗಡ್ಡೆ ಹುಡುಕಬೇಕಾಗುತ್ತದೆ. ಕರಿಮೆಣಸು, ಕೊತ್ತಂಬರಿ ಉದುರಿಸಿ, ಒಲೆ ಆರಿಸಿ, ಮುಚ್ಚಿ ಹದಿನೈದು ನಿಮಿಷ ಬಿಟ್ಟು ಬಡಿಸಬೇಕು.

ಹಸಿ ಸಾಸೇಜ್ ತಂದಿದ್ದರೆ ಕ್ರಮ ಸ್ವಲ್ಪ ಬದಲಾಗುತ್ತದೆ. ಅದನ್ನು ಇಡಿಯಾಗಿ ಹುರಿದು, ಬೀನ್ಸ್ ಹಾಕುವ ಹೊತ್ತಿಗೇ ಪಾತ್ರೆಗೆ ಸೇರಿಸಿ, ನಡುಭಾಗವೂ ಪೂರ್ತಿ ಬೆಂದಿದೆಯೆಂದು ಒಂದನ್ನು ಕತ್ತರಿಸಿ ಖಚಿತಪಡಿಸಿಕೊಳ್ಳಬೇಕು. ಅಡಿಗೆಯ ಥರ್ಮಾಮೀಟರ್ ಇದ್ದರೆ ಒಳಗಿನ ಶಾಖ 74 ಡಿಗ್ರಿ ಮುಟ್ಟಿರಬೇಕು. ಗೋವಾಕ್ಕೆ ಹೋದವರು ತರುವ ಹಂದಿಮಾಂಸದ ಚೊರಿಸೊ ಇನ್ನೊಂದು ಜಾತಿ. ಅದರಲ್ಲಿ ಮೆಣಸು, ವಿನೆಗರ್, ಉಪ್ಪು, ಕೊಬ್ಬು ನಾಲ್ಕೂ ತುಂಬಿರುವುದರಿಂದ 100 ಗ್ರಾಂ ಸಾಕು. ಎಣ್ಣೆ, ಮೆಣಸಿನಪುಡಿ, ಪುಂಡಿ ಮೂರನ್ನೂ ಬಿಟ್ಟು, ಅದನ್ನು ಮೊದಲಿನಿಂದಲೇ ಆಲೂಗಡ್ಡೆಯ ಜೊತೆ ಅರ್ಧ ಗಂಟೆ ಬೇಯಿಸಬೇಕು.

ಒಂದೇ ಮನೆಯಲ್ಲಿ ತಿನ್ನುವವರೂ ತಿನ್ನದವರೂ ಇರುವುದು ನಮ್ಮಲ್ಲಿ ಸಾಮಾನ್ಯ. ತಿನ್ನುವವರೂ ಶ್ರಾವಣದಲ್ಲಿ ಬಿಡುತ್ತಾರೆ. ಅಂಥಲ್ಲಿ ಬೋಗುಣಿಯನ್ನು ಸಾಸೇಜಿಗೆ ಮುಟ್ಟಿಸದೆ ತರಕಾರಿ ಸ್ಟ್ಯೂ ಪೂರ್ತಿ ಮಾಡಿ, ಬೇರೆ ಬಾಣಲೆಯಲ್ಲಿ ಸಾಸೇಜ್ ಹುರಿದು, ಬೇಕಾದವರ ಬಟ್ಟಲಿಗೆ ಮಾತ್ರ ಹಾಕಿ ಬಡಿಸಬಹುದು. ತಳದ ಕಂದು ಪದರದ ರುಚಿ ಆಗ ಸಿಗುವುದಿಲ್ಲವಾದ್ದರಿಂದ ಉಳ್ಳಾಗಡ್ಡಿಯನ್ನು ಇನ್ನೈದು ನಿಮಿಷ ಹೆಚ್ಚು ಕೆಂಪಾಗಿಸಿ, ಒಂದು ಚಮಚ ಶೇಂಗಾ ಪುಡಿ ಸೇರಿಸಿದರೆ ಕೊರತೆ ಬಹಳಷ್ಟು ತುಂಬುತ್ತದೆ. ನಮ್ಮತ್ತೆ ಈಗ ಉಣ್ಣುವುದು ಇದನ್ನೇ, ಖಟಕ್ ರೊಟ್ಟಿಯನ್ನು ಮುರಿದು ಬಟ್ಟಲಿಗೆ ಹಾಕಿಕೊಂಡು, ಅದು ನೆನೆಯುವ ತನಕ ಕಾದು. ಬಿಸಿ ರೊಟ್ಟಿಗಿಂತ ಅದೇ ಮೇಲೆಂಬುದನ್ನು ನಾನೂ ಒಪ್ಪುತ್ತೇನೆ. ಅನ್ನಕ್ಕಾದರೆ ಸಿರುಗುಪ್ಪ, ಗಂಗಾವತಿ ಕಡೆಯ ಸೋನಾ ಮಸೂರಿಯೇ ಸಾಕು.

ಉಳಿದದ್ದನ್ನು ಬೇಸಿಗೆಯಲ್ಲಿ ಒಂದು ಗಂಟೆಯೊಳಗೆ, ಚಳಿಗಾಲದಲ್ಲಿ ಎರಡು ಗಂಟೆಯೊಳಗೆ ಫ್ರಿಜ್ಜಿಗೆ ಸೇರಿಸಬೇಕು. ಬೋಗುಣಿಯನ್ನು ಹಾಗೇ ಇಟ್ಟರೆ ನಡುಭಾಗ ಗಂಟೆಗಟ್ಟಲೆ ಬೆಚ್ಚಗೇ ಉಳಿದು ಕೆಡುತ್ತದೆ. ಎರಡು ಮೂರು ಅಗಲವಾದ ಡಬ್ಬಿಗಳಿಗೆ ಹಂಚಿ, ತಣ್ಣೀರು ತುಂಬಿದ ಪರಾತದಲ್ಲಿ ಹತ್ತು ನಿಮಿಷ ನಿಲ್ಲಿಸಿದರೆ ಬೇಗ ಆರುತ್ತದೆ. ಮರುದಿನ ತೆಗೆದಾಗ ಅದು ಅಂಬಲಿಯಂತೆ ಗಟ್ಟಿಯಾಗಿರುತ್ತದೆ. ಉಣ್ಣುವಷ್ಟನ್ನೇ ತೆಗೆದುಕೊಂಡು, ಕಾಲು ಬಟ್ಟಲು ಬಿಸಿನೀರು ಬೆರೆಸಿ, ಎಲ್ಲ ಕಡೆ ಗುಳ್ಳೆ ಏಳುವಂತೆ ಒಮ್ಮೆ ಕುದಿಸಿ ಬಡಿಸಬೇಕು, ಮತ್ತು ಎರಡನೆಯ ದಿನದ ಒಳಗೆ ಮುಗಿಸಬೇಕು.